ಎದುರುಮಣೆಯ ಮೇಷ್ಟ್ರು

ನಮ್ಮ ಡ್ರಾಯಿಂಗ್ ಮೇಷ್ಟ್ರಿಗೆ ಹೋಟೆಲಿನಲ್ಲಿ ಒಂದು ಕೆಟ್ಟ ಅಭ್ಯಾಸವಿತ್ತು. ಕಾಫಿ ಅರ್ಧ ಕುಡಿದ ಮೇಲೆ ಲೋಟ ಹಿಡಿದು ಎದ್ದು ನಿಂತು, "ಏಳಮ್ಮ, ಜಾಗ ಬದಲಾಯಿಸೋಣ" ಅನ್ನುತ್ತಿದ್ದರು. ನಾವು ಅವರ ಕುರ್ಚಿಗೆ ಹೋಗಬೇಕು, ಅವರು ನಮ್ಮ ಕುರ್ಚಿಗೆ ಬರಬೇಕು. ಜಯನಗರದ ಆ ಹೋಟೆಲಿನವರಿಗೆ ಇದು ರೂಢಿಯಾಗಿಹೋಗಿತ್ತು. ಹೊಸ ಸಪ್ಲೈಯರ್ ತಬ್ಬಿಬ್ಬಾಗಿ ನಿಂತರೆ ಹಳಬರು ಒಳಗಿನಿಂದ ಕೂಗುವರು: "ಗುರು, ಅದು ಮೇಷ್ಟ್ರು ಟೇಬಲ್ಲು, ದೋಸೆ ಯಾವ ಕಡೆ ಇಟ್ರೂ ನಡೆಯತ್ತೆ!" ಕೂತ ಮೇಲೆ ಮೇಷ್ಟ್ರದು ಒಂದೇ ಪ್ರಶ್ನೆ. "ಈಗ ಏನು ಕಾಣತ್ತೆ?" ಕೈ ತೊಳೆಯುವ ಬೇಸಿನ್ನು ಕಾಣುತ್ತಿತ್ತು. ಅದನ್ನೇ ಹೇಳಿದೆ. "ನೋಡು, ಇಷ್ಟು ಹೊತ್ತೂ ನಾನು ಅದನ್ನ ನೋಡ್ಕೊಂಡೇ ಕುಡಿದೆ. ನಿನಗೆ ಬೀದಿ ಸಿಕ್ಕಿತ್ತು, ಮರ ಸಿಕ್ಕಿತ್ತು. ಕಾಫಿ ಸಖತ್ತಾಗಿದೆ ಅಂದೆ. ಈಗ ಹೇಳು, ಹೇಗಿದೆ?" ಅಂದರು. ನಿಜ ಹೇಳಬೇಕೆಂದರೆ, ಆಮೇಲೆ ಅಷ್ಟೇನೂ ರುಚಿಸಲಿಲ್ಲ.

ಮೇಷ್ಟ್ರು ಹೋದ ತಿಂಗಳು ತೀರಿಕೊಂಡರು. ಎಂಬತ್ತು ದಾಟಿತ್ತು. ಸತ್ತವರ ಬಗ್ಗೆ ಒಳ್ಳೆಯದನ್ನೇ ಆಡಬೇಕು ಅನ್ನುತ್ತಾರೆ. ನನ್ನ ನಾಲಗೆಗೆ ಅಷ್ಟು ಸಂಸ್ಕಾರವಿಲ್ಲ. ಪದ್ಮನಾಭನಗರದಲ್ಲಿ ಹೈಸ್ಕೂಲು ಮಕ್ಕಳಿಗೆ ಗಣಿತದ ಟ್ಯೂಷನ್ ಹೇಳಿ ಬದುಕುವವಳು ನಾನು. ಎರಡು ಎರಡು ನಾಲ್ಕು. ಯಾವ ಬೆಂಚಿನಲ್ಲಿ ಕೂತು ಕೂಡಿದರೂ ನಾಲ್ಕೇ. ಈ ಮನುಷ್ಯನ ಜೊತೆ ಏಳು ವರ್ಷ ಮಾತು ಬಿಟ್ಟಿದ್ದೆ. ದಾರಿಯಲ್ಲಿ ಎದುರಾದರೆ ರಸ್ತೆ ದಾಟಿ ಆಚೆ ಹೋಗುತ್ತಿದ್ದೆ. ಅವರ ಮನೆಯ ಹಜಾರದಲ್ಲಿ ಒಂದು ಭಾನುವಾರ ನಡೆದದ್ದರಿಂದಲೇ ನನ್ನ ಅಕ್ಕ ಸತ್ತಳು ಎಂದು ಕಂಡಕಂಡವರಿಗೆಲ್ಲ ಹೇಳಿಕೊಂಡು ಬಂದೆ. ಈಗ ಅದನ್ನೇ ಬರೆಯಲು ಕೂತಿದ್ದೇನೆ.

ನನಗೂ ಅಕ್ಕನಿಗೂ ಅವರು ಹೈಸ್ಕೂಲಿನಲ್ಲಿ ಡ್ರಾಯಿಂಗ್ ಹೇಳಿಕೊಟ್ಟವರು. ಕ್ಲಾಸಿನ ನಡುವೆ ಸ್ಟೂಲಿನ ಮೇಲೆ ಒಂದು ಹಿತ್ತಾಳೆ ಚೊಂಬು ಇಟ್ಟು, ಸುತ್ತ ನಮ್ಮನ್ನು ಕೂರಿಸುತ್ತಿದ್ದರು. ಚೊಂಬಿನ ಒಂದು ಪಕ್ಕ ನೆಗ್ಗಿತ್ತು. ಒಂದು ಸಲ ಆ ನೆಗ್ಗು ಸರಿಯಾಗಿ ನನ್ನ ಮುಖಕ್ಕೇ ಬಂತು. ಚೊಂಬು ಅಂದಮೇಲೆ ದುಂಡಗಿರಬೇಕಲ್ಲ, ನಾನು ನೆಗ್ಗು ಬಿಟ್ಟು ಅಂದವಾಗಿ ಬಿಡಿಸಿದೆ. ಆಚೆ ಪಕ್ಕ ಕೂತಿದ್ದ ಹುಡುಗಿಯೂ ದುಂಡಗೇ ಬಿಡಿಸಿದ್ದಳು. ಅವಳಿಗೆ ಹತ್ತಕ್ಕೆ ಹತ್ತು, ನನಗೆ ಸೊನ್ನೆ. ಎರಡೂ ಚಿತ್ರ ಪಕ್ಕಪಕ್ಕ ಹಿಡಿದು ಜಗಳಕ್ಕೇ ಹೋದೆ. "ಅವಳಿಗೆ ಕಾಣಲಿಲ್ಲ, ಬಿಡಿಸಲಿಲ್ಲ. ನಿನಗೆ ಕಂಡಿತ್ತು. ಕಂಡದ್ದನ್ನ ಯಾಕೆ ಬಿಟ್ಟೆ?" ಎಂದು ಕೇಳಿದರು. ಬೈಯಲಿಲ್ಲ, ನಗಲೂ ಇಲ್ಲ. ಮನೆಗೆ ಬಂದು ಅಕ್ಕನ ಹತ್ತಿರ ಅತ್ತೆ. ಅವಳು ನನಗಿಂತ ಎರಡು ವರ್ಷ ದೊಡ್ಡವಳು, ಶಾಲೆಯ ನಾಟಕಗಳಲ್ಲಿ ಮುಖ್ಯ ಪಾತ್ರ ಯಾವಾಗಲೂ ಅವಳದೇ. ಮೇಷ್ಟ್ರ ಹಾಗೆ ಕನ್ನಡಕ ಮೂಗಿನ ತುದಿಗೆ ಇಳಿಸಿಕೊಂಡು "ಯಾಕೆ ಬಿಟ್ಟೆ?" ಎಂದು ಅಣಕಿಸಿ ನನ್ನನ್ನು ನಗಿಸಿಬಿಟ್ಟಳು.

ಮೇಷ್ಟ್ರ ಮನೆತನದಲ್ಲಿ ಒಂದು ದರ್ಶನ ನಡೆದುಕೊಂಡು ಬಂದಿತ್ತು. ಮಠವಿಲ್ಲ, ಪೀಠವಿಲ್ಲ, ಪುಸ್ತಕವೂ ಇಲ್ಲ. ಇದ್ದದ್ದು ಹಲಸಿನ ಮರದ ಎರಡು ಮಣೆ. ಅದಕ್ಕೆ ಎದುರುಮಣೆ ಎಂದೇ ಹೆಸರು. ಜಗಳವೋ ನೋವೋ ಇದ್ದವರು ಮೊದಲು ತಮ್ಮ ಮಣೆಯಲ್ಲಿ ಕೂತು ತಮಗೆ ಕಂಡದ್ದನ್ನು ಹೇಳಬೇಕು. ಆಮೇಲೆ ಎದ್ದು ಎದುರಿನ ಮಣೆಗೆ ಹೋಗಿ, ಅದೇ ಸಂಗತಿಯನ್ನು ತಮ್ಮ ವಿರೋಧಿಗೆ ಕಂಡ ಹಾಗೆ, ತಾವೇ ಅವರಾಗಿ, 'ನಾನು ನಾನು' ಎಂದು ಹೇಳಬೇಕು. ಕೇಳುವವರು ನಡುವೆ ಬಾಯಿ ಹಾಕುವಂತಿಲ್ಲ. ಎರಡರಲ್ಲಿ ಯಾವುದು ಸರಿ ಎಂದು ತಿಳಿಯದೆ ಕೇಳುವವರೇ ಒದ್ದಾಡಿಹೋದಾಗ ಹಿರಿಯರು "ಏಳು, ಕಂಡಿತು" ಎನ್ನುತ್ತಾರೆ. ಅಲ್ಲಿಯ ತನಕ ಮಣೆ ಬಿಟ್ಟು ಏಳುವ ಹಾಗಿಲ್ಲ. ಹೋಗು, ಇರು, ಮಾಡು, ಬಿಡು ಎಂದು ಹಿರಿಯರು ಯಾರಿಗೂ ಹೇಳುವುದಿಲ್ಲ. ತೀರ್ಪು ಅನ್ನುವುದೇ ಅವರಲ್ಲಿಲ್ಲ. "ತೀರ್ಪು ಕೊಡೋಕೆ ಮೂರನೇ ಮಣೆ ಬೇಕು. ಅದು ಎಲ್ಲಿದೆ? ದೇವರೇ ಬಂದರೂ ಅವನಿಗೂ ಒಂದು ಮಣೆ ಹಾಕಬೇಕು, ಅವನೂ ಒಂದು ಕಡೆ ಕೂತೇ ನೋಡಬೇಕು" ಅನ್ನುತ್ತಿದ್ದರು ಮೇಷ್ಟ್ರು.

ಇದೆಲ್ಲ ಎಲ್ಲಿಂದ ಬಂತು ಸಾರ್ ಎಂದು ಒಮ್ಮೆ ಕೇಳಿದ್ದೆ. ಹೊಳೆಯ ಎರಡು ದಡದಲ್ಲಿ ಕೂತ ಇಬ್ಬರು ಸನ್ಯಾಸಿಗಳು ಒಂದೇ ಹೆಣ ತೇಲಿಹೋಗುವುದನ್ನು ನೋಡಿದರಂತೆ, ಒಬ್ಬ ಗಂಡಸು ಅಂದನಂತೆ, ಇನ್ನೊಬ್ಬ ಹೆಂಗಸು ಅಂದನಂತೆ, ಅಲ್ಲಿಂದ ಶುರುವಾಯಿತಂತೆ. ಅಕ್ಕನಿಗೆ ಹೇಳಿದ್ದೇ ಬೇರೆ: ಯಾವುದೋ ಮುತ್ತಜ್ಜಿ ಅತ್ತೆ ಸೊಸೆಯರ ಜಗಳ ತೀರಿಸಲು ಅಡುಗೆಮನೆಯಲ್ಲಿ ಶುರುಮಾಡಿದ್ದು. "ಎರಡರಲ್ಲಿ ಯಾವುದು ಸಾರ್ ನಿಜ?" ಎಂದರೆ, "ನೀನು ಯಾವ ಕಡೆ ಕೂತು ಕೇಳಿದೆ ಅನ್ನೋದರ ಮೇಲೆ ಹೋಗತ್ತೆ" ಎಂದು ಚೊಂಬು ಒರೆಸುತ್ತಾ ಕೂತರು. ತಲೆಹರಟೆ ಅಂದರೆ ತಲೆಹರಟೆ.

ಆದರೆ ಸುಳ್ಳು ಹೇಳುತ್ತಿರಲಿಲ್ಲ. ಸುಳ್ಳು ಹೋಗಲಿ, ಉಪಚಾರದ ಮಾತೂ ಬರುತ್ತಿರಲಿಲ್ಲ. ಬನಶಂಕರಿಯಲ್ಲಿ ಒಂದು ಮದುವೆಗೆ ಹೋಗಿ ಬಂದಾಗ, "ಹುಡುಗಿ ಹೇಗಿದ್ದಾಳೆ ಮೇಷ್ಟ್ರೇ?" ಎಂದು ಯಾರೋ ಕೇಳಿದರು. "ಹಿಂದಿನ ಸಾಲಲ್ಲಿದ್ದೆ. ಫೋಟೋಗ್ರಾಫರ್ ಬೆನ್ನು ಚೆನ್ನಾಗಿತ್ತು" ಅಂದರು. ಅವರ ಬಾಯಲ್ಲಿ ಸದಾ ಓಡಾಡುತ್ತಿದ್ದ ಮಾತೊಂದಿತ್ತು: "ಕಾಣದ್ದನ್ನ ಕಂಡೆ ಅನ್ನೋದು ಒಂದು ಪಾಪ. ಕಂಡದ್ದನ್ನ ಕಾಣಲಿಲ್ಲ ಅನ್ನೋದು ಎರಡು ಪಾಪ."

ಕೆಲಸದಿಂದ ನಿವೃತ್ತರಾದ ಮೇಲೆ ತ್ಯಾಗರಾಜನಗರದ ಅವರ ಮನೆಯಲ್ಲಿ ಭಾನುವಾರ ಬೆಳಿಗ್ಗೆ ಕೂಟ ನಡೆಯುತ್ತಿತ್ತು. ಹತ್ತು ಹನ್ನೊಂದು ಜನ ಸೇರುತ್ತಿದ್ದೆವು. ಬಹುಪಾಲು ಬ್ಯಾಂಕು, ಕಾಲೇಜು, ಕಚೇರಿಗಳಿಂದ ನಿವೃತ್ತರಾದವರು. ಬಿಟಿಎಂ ಲೇಔಟಿನಲ್ಲಿ ರೂಮು ಮಾಡಿಕೊಂಡಿದ್ದ ರೇಣುಕಾ ಎಂಬ ನರ್ಸು ಬರುತ್ತಿದ್ದಳು, ವಿಜಯಪುರದ ಕಡೆಯವಳು. ಊರಿನಲ್ಲಿರುವ ಅವ್ವನ ಮೇಲಿನ ಸಿಟ್ಟು ಇಳಿಸಿಕೊಳ್ಳಲು ಬಂದವಳು ಅಲ್ಲೇ ಉಳಿದುಕೊಂಡಿದ್ದಳು. ನಾನು ಸೇರಿದ್ದು ಸುಮ್ಮನೆ ವಾದ ಮಾಡುವುದಕ್ಕೆ. ಆದರೆ ಒಂದು ಭಾನುವಾರ ಕಣ್ಣಾರೆ ಕಂಡೆ: ಹೊಂಗೆ ಮರದ ಎಲೆ ನೀರಿನ ಸಂಪಿನೊಳಗೆ ಬೀಳುತ್ತದೆಂದು ಹನ್ನೆರಡು ವರ್ಷ ಮಾತು ಬಿಟ್ಟಿದ್ದ ಅಕ್ಕಪಕ್ಕದ ಮನೆಯವರಿಬ್ಬರು ಬಂದರು. ಮರ ಕಡಿಸಬೇಕೆಂದು ಕುಣಿಯುತ್ತಿದ್ದ ದೊಡ್ಡ ಮನುಷ್ಯ ಎದುರುಮಣೆಯಲ್ಲಿ ಕೂತು, "ನಾನು ಈ ಮರ ನೆಟ್ಟಿದ್ದು ನನ್ನ ಹೆಂಡ್ತಿ ಬದುಕಿದ್ದಾಗ" ಎಂದು ಶುರುಮಾಡಿ, ಮುಂದೆ ಮಾತಾಡಲಾಗದೆ ಗಳಗಳ ಅತ್ತುಬಿಟ್ಟ. ಆವತ್ತಿನಿಂದ ನಾನು ಈ ಮಣೆಗೆ ಸೋತೆ. ಎಂಥ ಜಗಳಕ್ಕೂ ಇದೇ ಮದ್ದು ಎಂದು ನಂಬಿದೆ.

ಅದಕ್ಕೇ ಅಕ್ಕನನ್ನು ಕರೆದುಕೊಂಡು ಹೋದೆ.

ಅಕ್ಕ ಗಂಡನ ಜೊತೆ ಜೆಪಿ ನಗರದಲ್ಲಿದ್ದಳು, ಮೂರಂತಸ್ತಿನ ಸ್ವಂತ ಮನೆ. ಮಕ್ಕಳಿರಲಿಲ್ಲ. ಭಾವ ನಗುನಗುತ್ತಾ ಮಾತಾಡುವ ಜನ. ಹಬ್ಬಕ್ಕೆ ಹೋದರೆ ಹೋಳಿಗೆಗೆ ತಾವೇ ತುಪ್ಪ ಬಡಿಸುವರು. ಕೈ ಮಾಡುತ್ತಾರೆಂದು ಅಕ್ಕ ಹೇಳಿದಾಗ ಮೊದಲು ನಾನು ನಂಬಲೇ ಇಲ್ಲ. ಆ ಶನಿವಾರ ಒಂದು ಬ್ಯಾಗಿನಲ್ಲಿ ನಾಲ್ಕು ಬಟ್ಟೆ ತುಂಬಿಕೊಂಡು ನನ್ನ ಮನೆಗೇ ಬಂದುಬಿಟ್ಟಳು. "ಈ ಸಲ ಸಾಯಿಸಿಬಿಡ್ತಾರೆ ಕಣೇ" ಎಂದಳು. ನನ್ನ ಮನೆ ಅಂದರೆ ಎರಡು ಕೋಣೆ, ಅದರಲ್ಲಿ ಒಂದು ಟ್ಯೂಷನ್ನಿಗೆ. ಪಬ್ಲಿಕ್ ಪರೀಕ್ಷೆ ಹತ್ತಿರ ಬಂದಿತ್ತು, ಬೆಳಿಗ್ಗೆ ಒಂದು ಬ್ಯಾಚು, ಸಂಜೆ ಎರಡು. ಮಕ್ಕಳ ತಾಯಂದಿರು ಒಳಗೆ ಇಣುಕಿ ಯಾರು ಏನು ಎಂದು ಕೇಳುವವರು. ಮೇಷ್ಟ್ರ ಹತ್ತಿರ ಹೋಗೋಣ, ಎಲ್ಲ ಸರಿಹೋಗತ್ತೆ ಅಂದೆ.

ಮರುದಿನ ಅಕ್ಕ ತನ್ನ ಮಣೆಯಲ್ಲಿ ಕೂತು ಹೇಳಿದ್ದು ಐದು ನಿಮಿಷ. ಹೊಡೆಯುತ್ತಾರೆ, ಹೆದರಿಕೆಯಾಗುತ್ತೆ, ಹೋದರೆ ಉಳಿಯಲ್ಲ. ತಲೆ ತಗ್ಗಿಸಿ, ಒಪ್ಪಿಸುವ ಪಾಠದ ಹಾಗೆ ಹೇಳಿದಳು. ಆಮೇಲೆ ಎದ್ದು ಎದುರಿನ ಮಣೆಗೆ ಹೋದಳು. ಕೂತ ಕೂಡಲೇ ಬೆನ್ನು ನೆಟ್ಟಗಾಯಿತು. ಸೊಂಟದ ಮೇಲೆ ಭಾವನ ಹಾಗೇ ಕೈಯಿಟ್ಟಳು, ಅವರ ಹಾಗೇ ಸಣ್ಣಗೆ ಕೆಮ್ಮಿದಳು. "ನಾನು ಬೆಳಿಗ್ಗೆಯಿಂದ ಸಂಜೆ ತನಕ ದುಡೀತೀನಿ" ಎಂದು ಶುರುಮಾಡಿದಳು ನೋಡಿ, ಅಬ್ಬಾ! ಶಾಲೆಯ ನಾಟಕದ ಹುಡುಗಿ ಇಪ್ಪತ್ತೈದು ವರ್ಷದ ಮೇಲೆ ಎದ್ದು ಬಂದಿದ್ದಳು. "ಮನೆಗೆ ಬಂದ್ರೆ ಮುಖ ತಿರುಗಿಸ್ಕೊಂಡಿರ್ತಾಳೆ. ಮಾತೆತ್ತಿದ್ರೆ ಟೆರೇಸಿಂದ ಹಾರ್ತೀನಿ ಅಂತಾಳೆ. ಆಫೀಸಲ್ಲಿ ಫೋನ್ ಬಂದ್ರೆ ಇವಳು ಬಿದ್ದೇ ಬಿಟ್ಳಾ ಅಂತ ಎದೆ ಹೊಡ್ಕೊಳ್ಳತ್ತೆ. ಯಾರ ಹತ್ರ ಹೇಳ್ಕೊಳ್ಳಲಿ ನಾನು?" ಅಕ್ಕ ಹಾಗೆ ಎಂದೂ ಯಾರನ್ನೂ ಹೆದರಿಸಿದವಳಲ್ಲ. ಅದು ಭಾವ ನೆಂಟರ ಮುಂದೆಲ್ಲ ಹೇಳಿಕೊಂಡು ತಿರುಗುತ್ತಿದ್ದ ಕಥೆ. ಎದುರುಮಣೆಯಲ್ಲಿ ಕೂತಮೇಲೆ ಎದುರಿನವರ ಕಥೆಯನ್ನೇ ಹೇಳಬೇಕು, ಹೇಳಿದಳು. ಮುಗಿಯುವಷ್ಟರಲ್ಲಿ ಕೂಟದಲ್ಲಿದ್ದ ಹಿರಿಯರೊಬ್ಬರು ಭಾವನಿಗಾಗಿ ಕಣ್ಣೊರೆಸಿಕೊಂಡರು. ನನಗೆ ಅಕ್ಕನ ಬಗ್ಗೆ ಹೆಮ್ಮೆಯಾಯಿತು. ಹೌದು, ಹೆಮ್ಮೆ.

ಆಗಲೇ ರೇಣುಕಾ ಬಾಯಿ ತೆರೆದದ್ದು. ಮಣೆಯಿಂದ ಮಣೆಗೆ ಹೋಗುವಾಗ ಅಕ್ಕನ ಸೆರಗು ಜಾರಿತ್ತು. "ಸರ, ಒಂದ್ ಮಾತು. ಅಕ್ಕಾರ ಕುತ್ತಿಗಿ ಮ್ಯಾಲ ಬೆರಳಿನ ಗುರ್ತು ಅದಾವ. ಈ ಕಡಿ ನಾಕು, ಆ ಕಡಿ ಒಂದು. ಇದು ಯಾವ ಮಣಿ ಮ್ಯಾಲ ಕುಂತು ನೋಡಿದ್ರೂ ಹಿಂಗ ಕಾಣತೈತಲ್ರೀ?"

"ಶ್!" ಎಂದರು ಯಾರೋ. ನಿಯಮ ನಿಯಮವೇ. ರೇಣುಕಾ ಸುಮ್ಮನಾದಳು. ಅಕ್ಕ ಸೆರಗು ಸರಿಮಾಡಿಕೊಂಡಳು. ಮೇಷ್ಟ್ರು ಸ್ವಲ್ಪ ಹೊತ್ತು ಕಾದು, ಇನ್ನು ಯಾರೂ ಮಾತಾಡುವುದಿಲ್ಲ ಎಂದಾದ ಮೇಲೆ, "ಏಳಮ್ಮ, ಕಂಡಿತು" ಎಂದರು. ಅಂದೇ ಸಂಜೆ ಅಕ್ಕ ಬ್ಯಾಗು ತೆಗೆದುಕೊಂಡು ಜೆಪಿ ನಗರಕ್ಕೆ ವಾಪಸು ಹೋದಳು.

ಒಂಬತ್ತನೆಯ ದಿನ ಟೆರೇಸಿನಿಂದ ಬಿದ್ದು ಸತ್ತಳು. ಒಣಗಿದ ಬಟ್ಟೆ ತೆಗೆಯಲು ಹೋಗಿದ್ದಳು, ಹಾರಿಕೊಂಡಳು ಎಂದು ಭಾವ ಹೇಳಿದರು. ಬಟ್ಟೆ ಎಲ್ಲ ತಂತಿಯ ಮೇಲೇ ಇತ್ತು. ಆವತ್ತು ಅವರು ಆಫೀಸಿಗೆ ರಜಾ ಹಾಕಿ ಮನೆಯಲ್ಲೇ ಇದ್ದರು. ಅಷ್ಟು ಎತ್ತರದಿಂದ ಬಿದ್ದ ದೇಹದಲ್ಲಿ ಹಳೆಯ ಬೆರಳಿನ ಗುರುತನ್ನು ಯಾರು ಹುಡುಕಬೇಕು?

ಕೇಸಾಯಿತು. ಭಾವನ ಕಡೆಯ ವಕೀಲರಿಗೆ ಎದುರುಮಣೆಯ ಸುದ್ದಿ ಹೇಗೋ ಸಿಕ್ಕಿತು. ಅಷ್ಟು ಜನರ ಮುಂದೆ ಆಕೆಯೇ ತನ್ನ ಬಾಯಿಂದ ಟೆರೇಸಿನ ಮಾತು ಆಡಿದ್ದಾಳೆ, ಕೇಳಿದವರೆಲ್ಲ ಇದ್ದಾರೆ ಎಂದರು. ಮೇಷ್ಟ್ರನ್ನು ಸಾಕ್ಷಿಗೆ ಕರೆದರು. ಹಿಂದಿನ ದಿನ ಅವರ ಮನೆಗೆ ಹೋಗಿ ಕಾಲು ಹಿಡಿದುಕೊಂಡೆ. "ಸಾರ್, ಇಲ್ಲ ಅಂದುಬಿಡಿ. ಅಕ್ಕ ಹಾಗೆ ಹೇಳಲಿಲ್ಲ ಅನ್ನಿ. ಒಂದು ಮಾತು, ಒಂದೇ ಮಾತು." ಅವರು ಕಾಲು ಹಿಂದಕ್ಕೆ ಎಳೆದುಕೊಂಡರು. "ನನಗೆ ಕೇಳಿಸಿತಲ್ಲಮ್ಮ" ಎಂದರು. ಮೈಯೆಲ್ಲ ಉರಿದುಹೋಯಿತು. ಹಾಳು ಮಣೆ, ಹಾಳು ವೇದಾಂತ, ಥೂ ಎಂದು ಎದ್ದು ಬಂದೆ.

ಕೋರ್ಟಿನಲ್ಲಿ ಅವರು ಹೇಳಿದ್ದು ಹೀಗೆ. ಆ ಮಾತು ಆಡಿದಳೋ ಇಲ್ಲವೋ? ಆಡಿದಳು, ಆದರೆ ಎದುರುಮಣೆಯಿಂದ. ಹಾಗಂದರೆ? ಮೇಷ್ಟ್ರು ವಿವರಿಸಲು ಹೊರಟರು. ಎರಡು ಮಣೆ, ಹಲಸಿನ ಮರ, ವಿರೋಧಿಯ 'ನಾನು'. ಕೂತವರು ಮುಸಿಮುಸಿ ನಕ್ಕರು. ಹೌದು ಅಥವಾ ಇಲ್ಲ ಅನ್ನಿ ಸಾಕು ಎಂದರು ವಕೀಲರು. "ಹೌದು" ಅಂದರು ಮೇಷ್ಟ್ರು. ಕುತ್ತಿಗೆಯ ಗುರುತು ನಿಮಗೆ ಕಂಡಿತೇ? "ಆಗ ಕಣ್ಣಿನ ಪೊರೆ ತೆಗೆಸಿರಲಿಲ್ಲ. ಕಾಣಲಿಲ್ಲ." ನರ್ಸು ಮಾತೆತ್ತಿದ್ದು ನಿಜವೇ? "ನಿಜ." ಹಾಗಾದರೆ ಅವಳನ್ನು ಸುಮ್ಮನಿರಿಸಿದವರು ಯಾರು? "ನಾನೇ." ಗಂಡನ ಮನೆಗೆ ವಾಪಸು ಹೋಗು ಎಂದವರು? ಮೇಷ್ಟ್ರು ಒಂದು ಸಲ ತಲೆಯೆತ್ತಿ ನಾನು ಕೂತಿದ್ದ ಕಡೆ ನೋಡಿದರು. ಅವರಿಗೆ ಅಷ್ಟು ದೂರ ಕಾಣುತ್ತಿತ್ತೋ ಇಲ್ಲವೋ. "ನಾನೇ" ಎಂದರು. ನ್ಯಾಯಾಧೀಶರು ಎಲ್ಲರ ಎದುರು ಅವರಿಗೆ ಛೀಮಾರಿ ಹಾಕಿದರು.

ಅವರಿಗಿಂತ ಮೊದಲು ನನ್ನ ಸಾಕ್ಷಿ ಆಗಿತ್ತು. ಗುರುತು ಕಂಡೆ ಎಂದು ನಾನು ಹೇಳಿದ್ದೆ. ಕಂಡಮೇಲೂ ಅಕ್ಕನನ್ನು ಅದೇ ಮನೆಗೆ ಯಾಕೆ ಕಳಿಸಿದಿರಿ ಎಂದು ಕೇಳಿದರು. ಮೇಷ್ಟ್ರು ಹೋಗು ಅಂದರು, ಅದಕ್ಕೆ ಅಂದೆ. ವಕೀಲರು ನಕ್ಕರು. "ಕುತ್ತಿಗೆ ಹಿಸುಕಿದ ಗುರುತು ಕಣ್ಣಾರೆ ಕಂಡ ಸ್ವಂತ ತಂಗಿ, ಡ್ರಾಯಿಂಗ್ ಮೇಷ್ಟ್ರು ಹೇಳಿದರು ಅಂತ ಅಕ್ಕನನ್ನ ಕಳಿಸಿಕೊಟ್ಟಳು. ಇದನ್ನ ನಂಬಬೇಕಾ ಸ್ವಾಮಿ?" ಯಾರೂ ನಂಬಲಿಲ್ಲ. ರೇಣುಕಾ ಸಾಕ್ಷಿ ಹೇಳಿದರೂ ಗುರುತನ್ನೂ ನಂಬಲಿಲ್ಲ. ಅನುಮಾನದ ಲಾಭ ಭಾವನಿಗೆ ಸಿಕ್ಕಿತು. ಈಗ ಅವರಿಗೆ ಇನ್ನೊಂದು ಮದುವೆಯಾಗಿದೆ, ತಲಘಟ್ಟಪುರದ ಕಡೆ ಅಪಾರ್ಟ್‌ಮೆಂಟಿನಲ್ಲಿದ್ದಾರೆ. ಹೋಳಿಗೆಗೆ ಈಗಲೂ ತುಪ್ಪ ಬಡಿಸುತ್ತಿರಬಹುದು.

ಮೇಷ್ಟ್ರು ಕೂಟ ನಿಲ್ಲಿಸಿದರು. ನಿಲ್ಲಿಸದಿದ್ದರೂ ಯಾರೂ ಹೋಗುತ್ತಿರಲಿಲ್ಲ. ಹೆಂಗಸನ್ನು ಸಾಯಲು ಕಳಿಸಿದ ಮುದುಕ ಎಂದು ಬೀದಿಯವರು ಆಡಿಕೊಂಡರು. ಹಾಗೆ ಆಡಿಕೊಳ್ಳಲು ಮೊದಲು ಮಾತು ಕೊಟ್ಟವಳು ನಾನೇ. ಎರಡು ವರ್ಷದ ಮೇಲೆ ಒಂದು ಸಂಜೆ ನನ್ನ ಗೇಟಿನ ಹತ್ತಿರ ಬಂದು ನಿಂತರು. ಮೈ ಇಳಿದು ಶರ್ಟು ತೂಗುತ್ತಿತ್ತು. ಒಳಗೆ ಇಪ್ಪತ್ತು ಮಕ್ಕಳು ಲೆಕ್ಕ ಮಾಡುತ್ತಿದ್ದರು. ನಾನು ಬಾಗಿಲಿಗೆ ಬಂದು, ಮಕ್ಕಳಿಗೂ ಕೇಳುವ ಹಾಗೆ, "ಅಡ್ರೆಸ್ ತಪ್ಪಿದೆ ಅಂಕಲ್, ಮುಂದಿನ ಕ್ರಾಸಲ್ಲಿ ಕೇಳಿ" ಎಂದೆ. "ಹೌದಾ? ಇಲ್ಲೇ ಅಂತ ಕಂಡಿತ್ತು" ಅಂದು, ಗೇಟಿನ ಚಿಲಕ ಹಾಕಿ ಹೊರಟುಹೋದರು.

ಹೋದ ತಿಂಗಳು ರೇಣುಕಾ ಫೋನು ಮಾಡಿದಳು. "ಸರ ಹೋದ್ರು ಅಕ್ಕಾ. ಹದಿಮೂರನೇ ದಿನಕ್ಕ ನೀವು ಬರಬೇಕಂತ." ಅವರ ದರ್ಶನದಲ್ಲಿ ಕೊನೆಮಣೆ ಎಂಬ ಪದ್ಧತಿಯೊಂದಿದೆ. ಸತ್ತವರನ್ನು ಹೊಗಳುವಂತಿಲ್ಲ. ಬದುಕಿರುವವರಲ್ಲಿ ಅವರನ್ನು ಯಾರು ಎಲ್ಲರಿಗಿಂತ ಹೆಚ್ಚು ದ್ವೇಷಿಸುತ್ತಿದ್ದರೋ ಅವರು ಬಂದು ಎದುರುಮಣೆಯಲ್ಲಿ ಕೂತು, ಸತ್ತವರಾಗಿ 'ನಾನು' ಎಂದು ಮಾತಾಡಬೇಕು. ಆ ಹೆಸರನ್ನು ಸಾಯುವವರೇ ಹೇಳಿಹೋಗುತ್ತಾರೆ. ಮೇಷ್ಟ್ರು ನನ್ನ ಹೆಸರು ಹೇಳಿದ್ದರು.

ಹೋಗಬಾರದು ಎಂದೇ ಇದ್ದೆ. ಹೋದೆ. ಹೋಗಿ, ಆ ಮಣೆಯ ಮೇಲೆ ಕೂರುವುದಿಲ್ಲ ಎಂದು ಎಲ್ಲರ ಮುಖಕ್ಕೆ ಹೊಡೆದ ಹಾಗೆ ಹೇಳಿ ಬರೋಣ ಎಂದುಕೊಂಡಿದ್ದೆ. ಹಳೆಯ ಕೂಟದವರು ಆರು ಜನ ಬಂದಿದ್ದರು. ಕೆಲವರಿಗೆ ಕೋಲು ಬಂದಿತ್ತು. ಹಜಾರ ಅದೇ, ಕಿಟಕಿಯಲ್ಲಿ ಅದೇ ಚೊಂಬು, ನೆಗ್ಗು ಗೋಡೆಯ ಕಡೆಗೆ. ರೇಣುಕಾ ನನ್ನನ್ನು ಅಡುಗೆಮನೆಗೆ ಕರೆದಳು. ಕೊನೆಯ ದಿನಗಳಲ್ಲಿ ಮೇಷ್ಟ್ರನ್ನು ನೋಡಿಕೊಂಡವಳು ಅವಳೇ, ಡ್ಯೂಟಿ ಮುಗಿಸಿ ಬಂದು.

"ಒಂದ್ ಮಾತು ಹೇಳತೀನಿ, ಸಿಟ್ಟಾಗಬ್ಯಾಡ್ರಿ. ಕಡೀ ತಿಂಗಳು ದಿನಾ ಮುಂಜಾನೆ ಮಣಿ ಮ್ಯಾಲ ಕುಂದರಸು ಅನ್ನೋರು. ನಿಮ್ಮ ಅಕ್ಕಾರಾಗಿ ಮಾತಾಡಾಕ ನೋಡೋರು. 'ನಾನು ಬ್ಯಾಗ್ ತಗೊಂಡೆ, ಗಂಡನ ಮನೆ ಗೇಟ್ ತೆಗೆದೆ' ಅನ್ನೋ ತನ ಬರೋರು. ಮುಂದ ಬಾಯಿ ಏಳತಿರಲಿಲ್ರೀ. ನನ್ನ ಮಾರಿ ನೋಡೋರು, ಕಂಡಿತು ಏಳ್ರಿ ಅಂತೀನೇನೋ ಅಂತ. ನನಗೇನ ಕಂಡಿತ್ರೀ? ಅನಲಿಲ್ಲ. ಎತ್ತಿ ಹಾಸಿಗಿ ಮ್ಯಾಲ ಮಲಗಸತಿದ್ದೆ."

ಸಿಂಕಿನ ನಲ್ಲಿ ತೊಟ್ಟಿಕ್ಕುತ್ತಿತ್ತು, ಅದನ್ನು ಬಿಗಿಮಾಡಿದೆ.

"ಇನ್ನೊಂದು" ಎಂದಳು ರೇಣುಕಾ. "ಆವತ್ತು ನೀವು ನನ್ನ ಹಿಂದನ ಕುಂತಿದ್ರಿ. ಶ್ ಅಂದ ದನಿ ಯಾರದಂತ ನನಗ ಗೊತ್ತಿತ್ತು. ಕೋರ್ಟಿನ್ಯಾಗ ಕೇಳಿದ್ರು, ಯಾರಂತ ನೆನಪಿಲ್ಲ ಅಂದೆ. ಸರ ನಾನೇ ಅಂದ್ರು, ಯಾಕಂತ ಆಮ್ಯಾಲ ಕೇಳಿದೆ. 'ಅಕ್ಕ ಹೋದಳು, ತಂಗಿಯಾದ್ರೂ ಉಳೀಲಿ' ಅಂದ್ರು."

ಹಜಾರಕ್ಕೆ ಬಂದೆ. ಎರಡು ಮಣೆ ಎದುರುಬದುರಾಗಿ ಹಾಕಿತ್ತು. ಹೋಗಿ ಎದುರಿನ ಮಣೆಯ ಮೇಲೆ ಕೂತೆ. ಮೇಷ್ಟ್ರ ಹಾಗೆ ಕನ್ನಡಕವನ್ನು ಮೂಗಿನ ತುದಿಗೆ ಇಳಿಸಿಕೊಂಡೆ. ಅಣಕಿಸಲು ಅಲ್ಲ, ಕೈ ತಾನಾಗಿ ಹೋಯಿತು.

"ನಾನು ಜನ್ಮದಲ್ಲಿ ಎರಡು ಸುಳ್ಳು ಹೇಳಿದೆ" ಎಂದು ಶುರುಮಾಡಿದೆ. "ಎರಡನ್ನೂ ಒಂದೇ ದಿನ, ಕೋರ್ಟಲ್ಲಿ. ಆ ಹುಡುಗಿ ಬದುಕಿಸಿ ಅಂತ ಬಂದಾಗ ನನ್ನ ಕಣ್ಣಿಗೆ ಗುರುತು ಕಾಣಲಿಲ್ಲ. ಕಂಡ ಒಬ್ಬಳು ಹೇಳಿದಳು. ನಾನು ಕೇಳಿಸ್ಕೊಂಡೂ ಕಂಡಿತು ಏಳು ಅಂದೆ. ಏನು ಕಂಡಿತ್ತು ನನಗೆ? ಅದು ನನ್ನ ತಪ್ಪು. ಅದಕ್ಕೆ ಯಾವ ಮಣೆಯೂ ಇಲ್ಲ. ಆದರೆ ಸುಮ್ಮನಿರಿಸಿದ್ದು ನಾನಲ್ಲ. ಹೋಗು ಅಂದಿದ್ದೂ ನಾನಲ್ಲ. ಯಾರಿಗೂ ಹೋಗು ಇರು ಅಂದವನಲ್ಲ ನಾನು. ಹೊರಡೋವಾಗ ಬಾಗಿಲಲ್ಲಿ ತಂಗಿಯನ್ನ ಕೇಳಿದೆ, ಅಕ್ಕ ನಾಲ್ಕು ದಿನ ನಿನ್ನ ಹತ್ರ ಇರ್ತಾಳೇನಮ್ಮ ಅಂತ. ಅಕ್ಕನೂ ಅಲ್ಲೇ ನಿಂತಿದ್ದಳು, ಕೇಳಿಸ್ಕೊಳ್ತಿದ್ದಳು. ತಂಗಿ ಚಪ್ಪಲಿ ಹುಡುಕ್ತಾ, ನಾಳೆ ಮಕ್ಕಳಿಗೆ ಟೆಸ್ಟ್ ಇದೆ ಸಾರ್ ಅಂದಳು."

ನನ್ನ ದನಿ ನನ್ನದೇ ಆಗಿರಲಿಲ್ಲ. ನಿಲ್ಲಿಸಬೇಕು ಅನ್ನಿಸಿತು, ಆಗಲಿಲ್ಲ.

"ಅವಳಿಗೆ ಗುರುತು ಕಂಡಿತ್ತು. ಶನಿವಾರವೇ ಕಂಡಿತ್ತು, ಅಕ್ಕ ಸ್ನಾನ ಮಾಡಿ ಬಂದಾಗ. ಅದು ಎಲ್ಲರ ಬಾಯಿಗೆ ಬಂದುಬಿಟ್ಟರೆ ಅಕ್ಕನನ್ನ ವಾಪಸ್ ಕಳಿಸೋ ಹಾಗಿಲ್ಲ. ಎರಡು ಕೋಣೆ ಮನೆ. ಪರೀಕ್ಷೆ ಹತ್ರ. ಅದಕ್ಕೇ ಶ್ ಅಂದಳು. ಕಂಡದ್ದನ್ನ ಬಿಟ್ಟಳು. ಚಿಕ್ಕವಳಿದ್ದಾಗಲೂ ಹಾಗೇ ಮಾಡಿದ್ದಳು, ಸೊನ್ನೆ ಕೊಟ್ಟಿದ್ದೆ."

"ಯಾರು?" ಎಂದು ಕೋಲು ಹಿಡಿದಿದ್ದ ಹಿರಿಯರೊಬ್ಬರು ಕೇಳಿದರು. ಕಿವಿ ಮಂದವಾಗಿತ್ತು ಅವರಿಗೆ. ಕೇಳುವವರು ಬಾಯಿ ಹಾಕಬಾರದು ಎಂಬ ನಿಯಮ ಮರೆತಿದ್ದರು.

ನಾನು ಕೂರದೆ ಬಿಟ್ಟಿದ್ದ ನನ್ನ ಖಾಲಿ ಮಣೆಯ ಕಡೆ ಕೈ ತೋರಿಸಿದೆ. "ಅವಳು" ಎಂದೆ.

ಮಾತು ಅಲ್ಲಿಗೆ ಮುಗಿಯಿತು. ಈ ಸಲ ಯಾರಿಗೂ ಅನುಮಾನವಿರಲಿಲ್ಲ, ಅದು ಅವರ ಮುಖದಲ್ಲೇ ಕಾಣುತ್ತಿತ್ತು. ರೇಣುಕಾ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಅಳುತ್ತಿದ್ದಳು. ಒಬ್ಬೊಬ್ಬರೇ ಎದ್ದು ಚಪ್ಪಲಿ ಹಾಕಿಕೊಂಡು ಹೋದರು. "ಏಳು, ಕಂಡಿತು" ಎನ್ನಬೇಕಾದವರು ಸತ್ತು ಹದಿಮೂರು ದಿನವಾಗಿತ್ತು. ನಾನು ಮಣೆಯ ಮೇಲೆ ಕೂತೇ ಇದ್ದೆ.